ನೆಲಕ್ಕಿಟ್ಟ ಮೂಟೆ

ಚಿತ್ರವನ್ನು ಮೊದಲು ನೋಡಿದ್ದು ಪಲುಕು.

ಮೂರು ಗಾಲಿ ಗಾಡಿಯವರ ಸಂಘಕ್ಕೆ ಅವನೇ ಹಿರಿಯ. ಎರಡೂ ಕಾಲು ಒಣಗಿದ ಮರಗೆಣಸಿನ ಕಡ್ಡಿಯ ಹಾಗೆ. ನಾಲಿಗೆಗೆ ಮಾತ್ರ ಯಾವ ಊನವೂ ಇರಲಿಲ್ಲ. ಔಷಧಿಗೆಂದು ಎಂಬರಾರಾ ಪೇಟೆಗೆ ಹೋದವನು ಬಸ್ ನಿಲ್ದಾಣದ ಗೋಡೆಯ ಮೇಲೆ ಕತುಂಗುವನ್ನು ಕಂಡ. ಆಳೆತ್ತರದ ಚಿತ್ರ. ಅದರಲ್ಲಿ ಅವಳು ನೆಲದ ಮೇಲಿದ್ದಳು. ಅಂಗೈ ಎರಡೂ ಊರಿ, ಕಾಲುಗಳನ್ನು ಹಿಂದೆ ಎಳೆದುಕೊಂಡು, ಮುಖ ಮೇಲೆತ್ತಿ ನೋಡುತ್ತಿದ್ದಳು. ಕೆಳಗೆ ಇಂಗ್ಲಿಷಿನಲ್ಲಿ ನಾಲ್ಕು ಸಾಲು, ಅಂಗವಿಕಲರ ಸಂಸ್ಥೆಯ ಹೆಸರು. ಪಲುಕುಗೆ ಇಂಗ್ಲಿಷ್ ಬಾರದು. ಪಕ್ಕದಲ್ಲಿ ಬಾಳೆಗೊನೆ ಮಾರುತ್ತಿದ್ದ ಹೆಂಗಸಿನ ಕೈಯಲ್ಲಿ ಓದಿಸಿದ. ನಂಬಲಾಗದೆ ಇನ್ನೊಂದು ಸಲ ಓದಿಸಿದ.

ಔಷಧಿ ತರುವುದನ್ನೇ ಮರೆತು ನಕಿವಾಲೆಯ ಬೀಡಿಗೆ ವಾಪಸ್ ಬಂದ.

ಕತುಂಗು ಬಾಗಿಲಲ್ಲಿ ಕೂತು ಮೆಕ್ಕೆಜೋಳದ ಮುದ್ದೆ ತೊಳಸುತ್ತಿದ್ದಳು. ಗಾಡಿಯವರ ಪೈಕಿ ಯಾರ ಮನೆಗೆ ಹೋದರೂ ಮೊದಲು ರಾತ್ರಿ ಹೇಗೆ ಕಳೆಯಿತು, ಮೈ ಹೇಗಿದೆ, ಅಕ್ಕಪಕ್ಕದವರು ಹೇಗಿದ್ದಾರೆ ಎಂದು ಕೇಳಿಯೇ ಮಾತು ತೆಗೆಯಬೇಕು. ಪಲುಕು ಒಂದನ್ನೂ ಕೇಳಲಿಲ್ಲ.

"ಏನಮ್ಮಾ ಕತುಂಗು, ನಿಮ್ಮಮ್ಮ ನಿನ್ನನ್ನ ರಸ್ತೇಲಿ ಬಿಟ್ಟು ಓಡಿಹೋದ್ಲಂತೆ?"

ಅವಳ ಕೈಯ ಕೋಲು ನಿಂತಿತು. "ಯಾರಂದ್ರು ಅಜ್ಜಾ?"

"ನೀನೇ ಅಂದಿದೀಯ. ಗೋಡೆ ಮೇಲೆ ಬರೆಸಿದೀಯ. ನಾನೂ ಅವತ್ತು ಅದೇ ರಸ್ತೇಲಿದ್ದೆ ಅಂದ್ಕೊಂಡಿದ್ದೆ. ವಯಸ್ಸಾಯ್ತು ನೋಡು, ಇಲ್ಲದ್ದೆಲ್ಲ ನೆನಪಿಗೆ ಬರುತ್ತೆ."

ಆಮೇಲೆ ಒಂದೊಂದಾಗಿ ಹೇಳಿದ. ಸೈನಿಕರು ಅವಳ ಕಾಲು ಮುರಿದರಂತೆ. ಹೆತ್ತ ತಾಯಿ ಹೊರೆಯೆಂದು ಬಿಟ್ಟುಹೋದಳಂತೆ. ಅವಳು ಹನ್ನೆರಡು ದಿನ ತೆವಳಿಕೊಂಡು ಗಡಿ ದಾಟಿದಳಂತೆ. ಈಗ ಭಾರ ಎತ್ತಿ ಜಗತ್ತಿಗೆ ದಾರಿ ತೋರಿಸುತ್ತಾಳಂತೆ.

ಮುದ್ದೆ ತಳ ಹಿಡಿದು ಸೀದ ವಾಸನೆ ಬಂತು. ಕತುಂಗು ಒಲೆಯಿಂದ ಇಳಿಸಲಿಲ್ಲ.

ಪಲುಕು ಕೂತಿದ್ದು ಹೊಸ ಗಾಲಿಕುರ್ಚಿಯಲ್ಲಿ. ಎರಡು ತಿಂಗಳ ಹಿಂದೆ ಅದೇ ಸಂಸ್ಥೆಯವರು ಐವತ್ತು ಕುರ್ಚಿ ಹಂಚಿದ್ದರು. ಅವನು ಕುರ್ಚಿಯ ತೋಳನ್ನು ಬೆರಳಿನಿಂದ ತಟ್ಟಿದ.

"ಇದನ್ನ ಯಾವ ಪುಣ್ಯಾತ್ಮ ಕೊಟ್ಟ ಅಂತ ಯೋಚಿಸ್ತಿದ್ದೆ. ಈಗ ಗೊತ್ತಾಯ್ತು. ನಿಮ್ಮಮ್ಮ ಕೊಟ್ಟಿದ್ದು."

ಅಷ್ಟು ಹೇಳಿ ಗಾಲಿ ತಿರುಗಿಸಿಕೊಂಡು ಹೋದ.

*

ಕತುಂಗುವಿನ ಕಾಲು ಹೋದದ್ದು ಮೂರನೇ ವರ್ಷದ ಜ್ವರದಲ್ಲಿ. ಆಗ ಅವರೂರಿನಲ್ಲಿ ಯುದ್ಧ ಇರಲಿಲ್ಲ. ಲಸಿಕೆಯೂ ಇರಲಿಲ್ಲ.

ಊರು ಕಾಂಗೋದ ಗೋಮಾ. ಬೆಂಕಿಬೆಟ್ಟ ಉಗುಳಿದ ಕರಿಕಲ್ಲಿನ ಮೇಲೆ ಕಟ್ಟಿದ ಊರು. ಊರ ತುದಿಯಲ್ಲೇ ಪಕ್ಕದ ದೇಶದ ಗಡಿ, ಗಡಿಯಲ್ಲಿ ಸುಂಕದ ಕಟ್ಟೆ. ಕಾಲಿಲ್ಲದವರು ತಮ್ಮ ಗಾಡಿಯಲ್ಲಿ ಹೇರಿಕೊಂಡ ಸರಕಿಗೆ ಸುಂಕ ಹಿಡಿಯಬಾರದೆಂದು ಹಿಂದೆ ಯಾವನೋ ದೊಡ್ಡವನು ಹೇಳಿದ್ದನಂತೆ. ಆ ಒಂದು ಮಾತಿನ ಮೇಲೆ ಇಡೀ ಊರಿನ ಕುಂಟರು ಬದುಕಿದ್ದರು. ಕೈಯಿಂದ ತುಳಿಯುವ ಮೂರು ಗಾಲಿ ಗಾಡಿ. ಅದರ ಮೇಲೆ ಹಿಟ್ಟಿನ ಮೂಟೆ, ಈರುಳ್ಳಿ ಮೂಟೆ, ಎಣ್ಣೆ ಡಬ್ಬ. ಮೂಟೆಗಳ ನಡುವೆ ಮನುಷ್ಯ. ಹಿಂದಿನಿಂದ ತಳ್ಳಲು ಮನೆಯವರೊಬ್ಬರು. ಕತುಂಗುವಿನ ಗಾಡಿ ತಳ್ಳುತ್ತಿದ್ದವಳು ಅವಳ ಅಮ್ಮ ಮಸಿಕಾ.

ಗಾಡಿಯವರು ಎರಡು ಮಾತನ್ನು ಮಕ್ಕಳಿಗೆ ಹಾಲಿನ ಜೊತೆ ಕುಡಿಸುತ್ತಿದ್ದರು.

ಒಂದು, ಸುಂಕದವನ ಎದುರು ಮೂಟೆ ನೆಲಕ್ಕಿಡಬಾರದು. ಗಾಡಿಯ ಮೇಲಿರುವ ತನಕ ಅದು ಕುಂಟನದು. ನೆಲ ಮುಟ್ಟಿತೋ, ಸುಂಕದವನದು. ಗಾಲಿ ಮುರಿದರೂ ಸರಿ, ಮಳೆ ಹೊಡೆದರೂ ಸರಿ, ಈ ಗಾಡಿಯಿಂದ ಆ ಗಾಡಿಗೆ ಗಾಳಿಯಲ್ಲೇ ದಾಟಿಸಬೇಕು. ಕತುಂಗು ಹತ್ತು ವರ್ಷದವಳಿದ್ದಾಗಲೇ ಅರ್ಧ ಮೂಟೆಯನ್ನು ಕೂತಲ್ಲಿಂದ ಎತ್ತಿ ಪಕ್ಕದ ಗಾಡಿಗೆ ಎಸೆಯುತ್ತಿದ್ದಳು. ಅವಳ ಹೆಗಲು, ತೋಳು ಅಲ್ಲಿ ಬೆಳೆದದ್ದು.

ಎರಡನೆಯದು, ಸುಂಕದವನು ಕತೆ ಕೇಳಿದರೆ ಕೇಳಿದ ಕತೆ ಹೇಳಿಬಿಡುವುದು. ಸುಂಕದವನ ಮುಂದೆ ಸುಖದುಃಖ ಹೇಳಿಕೊಂಡು ಏನು ಫಲ ಅಂತ ಬೇರೆಯವರು ಅಂದುಕೊಳ್ಳಬಹುದು. ಗಾಡಿಯವರಿಗೆ ಫಲ ಇತ್ತು. ಒಬ್ಬ ಸುಂಕದವನಿಗೆ ಸತ್ತ ಮಕ್ಕಳ ಕತೆ ಇಷ್ಟ, ಇನ್ನೊಬ್ಬನಿಗೆ ಕುಡುಕ ಗಂಡನದು. ಇಲ್ಲದ ಗಂಡಂದಿರನ್ನೆಲ್ಲ ಕತುಂಗು ಆ ಕಟ್ಟೆಯಲ್ಲಿ ಸಾಯಿಸಿದ್ದಳು. ಗೇಟು ದಾಟಿದ ಮೇಲೆ ಅಮ್ಮ ಮಗಳು ಬಿದ್ದು ಬಿದ್ದು ನಗುತ್ತಿದ್ದರು. "ಅದು ಸುಳ್ಳಲ್ಲ ಕಣೇ, ಸುಂಕ," ಅನ್ನುತ್ತಿದ್ದಳು ಮಸಿಕಾ.

ಗುಂಡಿನ ಸದ್ದು ಊರೊಳಗೆ ಬಂದಾಗ ಕತುಂಗುಗೆ ಇಪ್ಪತ್ತನಾಲ್ಕು. ಪಲುಕು ಮೂವತ್ತೊಂದು ಗಾಡಿಗಳನ್ನು ಹಗ್ಗದಿಂದ ಒಂದರ ಹಿಂದೆ ಒಂದು ಕಟ್ಟಿಸಿದ. ಕಾಲಿದ್ದವರು ತಮ್ಮ ಮಕ್ಕಳನ್ನು, ಮುದುಕಿಯರನ್ನು ತಂದು ಆ ಗಾಡಿಗಳ ಮೇಲೆ ಕೂರಿಸಿದರು. ಕತುಂಗುವಿನ ಗಾಡಿಯ ಮೇಲೆ ನೆರೆಮನೆಯ ಎರಡು ಕೂಸು, ಒಬ್ಬ ಅಜ್ಜಿ, ಒಂದು ಪಾತ್ರೆ. ಅವಳು ಕೈಯಿಂದ ತುಳಿದಳು, ಅಮ್ಮ ಹಿಂದಿನಿಂದ ತಳ್ಳಿದಳು. ಐದು ದಿನ. ಬೇರೆ ದಿಕ್ಕಿನ ಉಗಾಂಡ ಗಡಿಯ ಕೊನೆಯ ಏರಿನಲ್ಲಿ ಕಾಲಿದ್ದವರೇ ಕೂತುಬಿಟ್ಟರು. ಮಸಿಕಾ ಕೂರಲಿಲ್ಲ. ಕೂತರೆ ಗಾಡಿ ಹಿಂದಕ್ಕೆ ಜಾರುತ್ತಿತ್ತು.

ಗಡಿ ದಾಟಿದ ಮೇಲೆ ಅಮ್ಮನ ಕೈಯನ್ನು ಗಾಡಿಯ ಹಿಡಿಯಿಂದ ಬಿಡಿಸಲು ನೀರು ಹಾಕಬೇಕಾಯಿತು. ಅಂಗೈಯ ಚರ್ಮ ಕಬ್ಬಿಣಕ್ಕೆ ಅಂಟಿತ್ತು. ಹುಣ್ಣು ಕೀವಾಯಿತು, ಜ್ವರ ಬಂತು, ಏಳನೇ ದಿನ ತೀರಿಕೊಂಡಳು.

*

ನಕಿವಾಲೆಯ ನಿರಾಶ್ರಿತರ ಬೀಡಿನಲ್ಲಿ ಹಿಟ್ಟು ಹಂಚುವ ದಿನ ಬಗುಮಾ ಅವಳನ್ನು ನೋಡಿದ. ಅವನು ಉಗಾಂಡದವನೇ, ಪೇಟೆಯ ಶಾಲೆಯಲ್ಲಿ ಆಟ ಕಲಿಸುವವನು, ಹಿಂದೆ ತಾನೇ ಭಾರ ಎತ್ತುತ್ತಿದ್ದವನು. ಕತುಂಗು ಗಾಡಿಯಲ್ಲಿ ಕೂತೇ ತನ್ನ ಮೂಟೆ, ಹಿಂದಿನವರ ಮೂಟೆ, ಅದರ ಹಿಂದಿನವರ ಮೂಟೆಯನ್ನೂ ನೆಲ ಮುಟ್ಟಿಸದೆ ದಾಟಿಸುತ್ತಿದ್ದಳು. ಕೆಳಗಿಟ್ಟು ಸುಧಾರಿಸಿಕೋ ಅಂತ ಅವನಂದ. ಅವಳು ಅವನನ್ನು ಹುಚ್ಚನನ್ನು ನೋಡುವ ಹಾಗೆ ನೋಡಿದಳು.

ನೀಲಗಿರಿ ಹಲಗೆಯಿಂದ ಬೆಂಚು ಮಾಡಿದರು. ನೀರಿನ ಕೊಳವೆಯೇ ಸರಳು. ಬಣ್ಣದ ಡಬ್ಬಗಳಲ್ಲಿ ಸಿಮೆಂಟು ತುಂಬಿ ತೂಕ. ಆಟ ಸರಳ. ಅಂಗಾತ ಮಲಗಬೇಕು. ಕಾಲುಗಳನ್ನು ಪಟ್ಟಿಯಿಂದ ಬೆಂಚಿಗೆ ಬಿಗಿಯುತ್ತಾರೆ. ಸರಳನ್ನು ಎದೆಗಿಳಿಸಿ, ಅಲ್ಲಾಡದೆ ನಿಲ್ಲಿಸಿ, ಮೇಲಕ್ಕೆ ನೂಕಬೇಕು. ತೀರ್ಪುಗಾರ ಹೇಳುವ ತನಕ ವಾಪಸ್ ಇಡುವಂತಿಲ್ಲ. ಆ ಕೊನೆಯ ನಿಯಮ ಎಲ್ಲರಿಗೂ ಕಷ್ಟ, ಕತುಂಗುಗೆ ಮಾತ್ರ ಹುಟ್ಟುಗುಣ.

ಮೂರು ವರ್ಷ ಅವಳು ಕಂಪಾಲದ ಪಂದ್ಯಕ್ಕೆ ಹೋದಳು. ಮೂರು ವರ್ಷವೂ ಎಲ್ಲರಿಗಿಂತ ಹೆಚ್ಚು ಎತ್ತಿದಳು. ಪದಕ ಎರಡನೆಯವಳಿಗೆ ಹೋಯಿತು. ಕತುಂಗುವಿನ ಹೆಸರನ್ನು ಪಟ್ಟಿಯ ಕೆಳಗೆ ಗೆರೆ ಎಳೆದು, ಗೆರೆಯ ಕೆಳಗೆ ಬರೆದರು. ಮುಂದೆ 'ಅತಿಥಿ' ಅಂತ. ಅವಳು ಉಗಾಂಡದವಳಲ್ಲ, ಕಾಂಗೋದವರಿಗೆ ಬೇಕಾದವಳಲ್ಲ. ಅತಿಥಿಯನ್ನು ಯಾರೂ ಹೊರಗಟ್ಟುವುದಿಲ್ಲ. ಪಂಕ್ತಿಯಲ್ಲಿ ಕೂರಿಸುವುದೂ ಇಲ್ಲ.

ಹಾಗಿರುವಾಗ ನಿರಾಶ್ರಿತರದೇ ಒಂದು ತಂಡ ಆಗುತ್ತದೆ, ಬೇರೆ ದೇಶದಲ್ಲಿ ದೊಡ್ಡ ಪಂದ್ಯ, ಅದರಲ್ಲಿ ಭಾರ ಎತ್ತುವವರಿಗೆ ಒಂದು ಜಾಗ ಇದೆ ಅಂತ ಬಗುಮಾ ಸುದ್ದಿ ತಂದ. ಅದಕ್ಕೆ ಅಂಗವಿಕಲರನ್ನು ನೋಡಿಕೊಳ್ಳುವ ಸಂಸ್ಥೆಯ ಪತ್ರ ಬೇಕು.

ಆ ಸಂಸ್ಥೆಯ ಕಚೇರಿಗೆ ಮೂರು ಮೆಟ್ಟಿಲು. ಅಂಗವಿಕಲರ ಕಚೇರಿ. ಗಾಲಿ ಹತ್ತುವ ದಾರಿ ಇಲ್ಲ. ಹೋದವರೆಲ್ಲ ಗಾಡಿಯಿಂದ ಇಳಿದು, ಅಂಗೈ ಊರಿ, ಕುಂಡೆ ಎಳೆದುಕೊಂಡು ಹತ್ತಬೇಕು. ಕತುಂಗು ಇಳಿದಳು. ಎರಡನೇ ಮೆಟ್ಟಿಲಿಗೆ ಕೈ ಹಾಕಿದಾಗ ಒಳಗಿಂದ ಬಂದ ಕ್ಯಾಮೆರಾದವನು ಒಂದು ನಿಮಿಷ ಹಾಗೇ ಇರು, ಬೆಳಕು ಚೆನ್ನಾಗಿದೆ ಅಂದ. ಅವಳು ಹಾಗೇ ಇದ್ದಳು.

ಒಳಗೆ ನಲುಬೆಗಾ ಮೇಡಂ ಚಹಾ ಕೊಟ್ಟರು. ಕಂಪಾಲದ ಹೆಂಗಸು, ಕೆಟ್ಟವರಲ್ಲ, ಕೆಲಸದ ಹೊರೆಯಲ್ಲಿ ಮುಖ ಬತ್ತಿಹೋಗಿತ್ತು. ಅವಳ ಹೆಸರು, ತಾಯಿಯ ಹೆಸರು ಬರೆದುಕೊಂಡು, ಕಾಲು ಹೇಗೆ ಹೋಯಿತು ಅಂತ ಕೇಳಿದರು. ಪೋಲಿಯೋ ಅಂದಳು. ಮೇಡಂ ಪೆನ್ನು ಕೆಳಗಿಟ್ಟರು.

"ಪೋಲಿಯೋ ಅಂದ್ರೆ ಜನ ಪುಟ ತಿರುಗಿಸ್ತಾರಮ್ಮ. ಯುದ್ಧದಲ್ಲಿ ಏನೂ ಆಗಲಿಲ್ವಾ? ಯಾರಾದ್ರೂ ಹೊಡೆದ್ರಾ? ಯಾರಾದ್ರೂ ಬಿಟ್ಟು ಹೋದ್ರಾ?"

ಕತುಂಗುಗೆ ಆ ದನಿ ಗುರುತು ಸಿಕ್ಕಿತು. ಸುಂಕದ ಕಟ್ಟೆಯ ದನಿ. ಇವರಿಗೆ ಇಂಥ ಕತೆ ಇಷ್ಟ, ಹೇಳಿದರೆ ಗೇಟು ತೆರೆಯುತ್ತದೆ. ಹೊಡೆದರಾ ಎಂದದ್ದಕ್ಕೆ ಹೌದೆಂದು ತಲೆಯಾಡಿಸಿದಳು. ಬಿಟ್ಟು ಹೋದರಾ ಎಂದದ್ದಕ್ಕೂ ತಲೆಯಾಡಿಸಿದಳು. ಯಾರು ಬಿಟ್ಟರು ಅಂತ ಮೇಡಂ ಕೇಳಲಿಲ್ಲ, ಅವಳು ಹೇಳಲಿಲ್ಲ. ಹಾಳೆಯ ಕೆಳಗೆ ಹೆಬ್ಬೆಟ್ಟು ಒತ್ತಿದಳು. ಗೇಟು ದಾಟಿ ಹಿಂತಿರುಗಿದರೆ ನಗಲು ಅಮ್ಮ ಇರಲಿಲ್ಲ. ಆಗಲೇ ಅವಳಿಗೆ ಅನುಮಾನ ಬರಬೇಕಿತ್ತು.

ಸುಂಕದವನು ಕೇಳಿದ ಕತೆ ಅಲ್ಲೇ ಗಾಳಿಗೆ ಹೋಗುತ್ತಿತ್ತು. ಇವರು ಬರೆದುಕೊಂಡಿದ್ದರು. ಅದೇ ವ್ಯತ್ಯಾಸ.

*

ಪಲುಕು ಬೈದ ಮರುದಿನವೇ ಕತುಂಗು ಕಚೇರಿಗೆ ಹೋದಳು. ಆ ಚಿತ್ರ ಕೀಳಿಸಿ, ನನ್ನಮ್ಮ ಹಾಗಲ್ಲ ಅಂತ ಕೇಳಿದಳು. ಮೇಡಂ ಸಮಾಧಾನವಾಗಿಯೇ ಹೇಳಿದರು. ಚಿತ್ರ ಐದು ಊರಿನಲ್ಲಿದೆ, ಹೊರದೇಶದಲ್ಲೂ ಇದೆ. ಅದನ್ನು ನೋಡಿದವರು ಕೊಟ್ಟ ದುಡ್ಡಿನಿಂದಲೇ ಐವತ್ತು ಕುರ್ಚಿ ಬಂದವು. ಸತ್ತವರಿಗೆ ಇದರಿಂದ ನೋವಾಗುತ್ತದೆಯೇ? ಬದುಕಿರುವವರಿಗೆ ಕುರ್ಚಿ ಸಿಕ್ಕಿದೆ. ಈ ಸಲದ ಕಂಪಾಲದ ಪಂದ್ಯದಲ್ಲಿ ಸಿನಿಮಾ ತೆಗೆಯುತ್ತಾರೆ, ಅಲ್ಲಿ ಅವಳು ತನ್ನ ಬಾಯಿಂದ ಇದನ್ನು ಹೇಳಬೇಕು.

"ನಾನು ಹೇಳಲ್ಲ ಮೇಡಂ."

"ಸರಿ, ನೀನು ಹೇಳ್ಬೇಡ. ಪಂದ್ಯದಲ್ಲಿ ಹೆಸರು ಕೂಗೋರು ಓದ್ತಾರೆ. ನೀನು ಸುಮ್ಮನೆ ಮಲಗಿ ಎತ್ತು. ತೊಂಬತ್ತೈದು ಕಿಲೋ ಎತ್ತಿದ್ರೆ ಪತ್ರ ಅವತ್ತೇ ಕೊಡ್ತೀನಿ."

ಸುಮ್ಮನಿರುವುದು ಸುಳ್ಳಲ್ಲವಲ್ಲ ಅಂತ ಕತುಂಗು ಲೆಕ್ಕ ಹಾಕಿದಳು. ಆಸೆ ಎಂಥ ಲೆಕ್ಕವನ್ನೂ ಸರಿ ಮಾಡಿಕೊಡುತ್ತದೆ. ಒಂದು ಸಲ, ಒಂದೇ ಸಲ, ಗೆರೆಯ ಮೇಲೆ ತನ್ನ ಹೆಸರು ಬರಲಿ ಅಂತ ಅವಳಿಗಿತ್ತು. ವಾಪಸ್ ಬರುವಾಗ ಪಲುಕುವಿನ ಗುಡಿಸಲು ದಾಟಬೇಕಾಯಿತು. ಹೊಸ ಕುರ್ಚಿ ಹೊರಗೆ ಬಿಸಿಲಿನಲ್ಲಿ ಖಾಲಿ ನಿಂತಿತ್ತು. ಮುದುಕ ತನ್ನ ಹಳೇ ಗಾಡಿಯ ಸರಪಣಿಗೆ ಎಣ್ಣೆ ಹಾಕುತ್ತಿದ್ದ. ತಲೆ ಎತ್ತಲಿಲ್ಲ.

*

ಪಂದ್ಯದ ದಿನ ಸಭಾಂಗಣ ತುಂಬಿತ್ತು. ಒಬ್ಬೊಬ್ಬರಿಗೆ ಮೂರು ಅವಕಾಶ. ಹೆಸರು ಕರೆದ ಮೇಲೆ ಎರಡು ನಿಮಿಷದೊಳಗೆ ಶುರು ಮಾಡದಿದ್ದರೆ ಒಂದು ಹೋದ ಹಾಗೆ.

ಕತುಂಗು ಮಲಗಿದಳು. ಬಗುಮಾ ಕಾಲಿಗೆ ಪಟ್ಟಿ ಬಿಗಿದ. ತೊಂಬತ್ತೈದು ಕಿಲೋ. ತಲೆಯ ಹತ್ತಿರ ಕ್ಯಾಮೆರಾದವನು ಮಂಡಿಯೂರಿ, ಕನ್ನಡಕದಷ್ಟು ಹತ್ತಿರ ಬಂದಿದ್ದ. ಕೂಗುವವನು ಇಂಗ್ಲಿಷಿನಲ್ಲಿ ಓದಿದ. ಅವಳು ಕಿವಿ ಕೊಡಲಿಲ್ಲ. ಸರಳಿಗೆ ಕೈ ಹಾಕಿದಳು.

ಆಮೇಲೆ ಅವನು ಅದನ್ನೇ ಸ್ವಾಹಿಲಿಯಲ್ಲಿ ಓದತೊಡಗಿದ. ಆ ಸಭೆಗೆ ಸ್ವಾಹಿಲಿ ಬೇಕಿರಲಿಲ್ಲ. ಅವಳಿಗೆ ಅರ್ಥವಾಗಲಿ, ಕಣ್ಣಲ್ಲಿ ನೀರು ಬರಲಿ, ಅದು ಕ್ಯಾಮೆರಾಗೆ ಸಿಗಲಿ ಅಂತ ಬರೆಸಿದ್ದರು. 'ಅವಳ ತಾಯಿ ಮಸಿಕಾ ಅವಳನ್ನು ದಾರಿಬದಿಯಲ್ಲಿ ನೆಲದ ಮೇಲೆ ಬಿಟ್ಟು...'

ನೆಲದ ಮೇಲೆ.

ಕತುಂಗು ಸರಳಿನಿಂದ ಕೈ ತೆಗೆದಳು. ಎದೆಯ ಮೇಲೆ ಕಟ್ಟಿಕೊಂಡಳು. ಬಗುಮಾ ಬಾಗಿ ಏನಾಯಿತು ಅಂತ ಕೇಳಿದ. ಅವಳು ಚಾವಣಿ ನೋಡುತ್ತಿದ್ದಳು. ಗೋಡೆಯ ಗಡಿಯಾರ ಎರಡು ನಿಮಿಷ ಓಡಿ ನಿಂತಿತು. ಕೆಂಪು ದೀಪ.

ಎರಡನೇ ಸಲ ಮಲಗುವ ಮುಂಚೆ ಆ ಕಾಗದ ಓದಬಾರದು ಅಂತ ಬಗುಮಾನ ಕೈಲಿ ಹೇಳಿಸಿದಳು. ಕೂಗುವವನು ತನಗೆ ಕೊಟ್ಟದ್ದನ್ನು ತಾನು ಓದುತ್ತೇನೆ ಅಂದ. ಓದಿದ. ಅವಳು ಮತ್ತೆ ಕೈ ಕಟ್ಟಿದಳು. ಕೆಂಪು ದೀಪ. ಜನ ಶಿಳ್ಳೆ ಹಾಕಿದರು, ಯಾರೋ ನಿರಾಶ್ರಿತಳಿಗೆ ನಿದ್ದೆ ಬಂತು ಅಂದರು. ನಲುಬೆಗಾ ಮೇಡಂ ಬೆಂಚಿನ ಹತ್ತಿರವೇ ಬಂದು ಹಲ್ಲು ಕಚ್ಚಿ ಹೇಳಿದರು.

"ಒಂದೇ ಉಳಿದಿದೆ. ಒಂದು ಮಾತಿಗೋಸ್ಕರ ಕೈಯಾರೆ ಕಳ್ಕೋತೀಯಾ?"

"ಅದು ಮಾತಲ್ಲ ಮೇಡಂ. ನಮ್ಮಮ್ಮ."

ಮೂರನೇ ಸಲ ಅವಳು ಮಲಗಲಿಲ್ಲ. ಬೆಂಚಿನ ಮೇಲೆ ಕೂತಳು. ಕಾಲಿಗೆ ಪಟ್ಟಿ ಬಿಗಿದೇ ಇತ್ತು. ಕೂಗುವವನು ಬಾಯಿ ತೆರೆಯುವ ಮುಂಚೆ ಅವಳು ತೆರೆದಳು. ಮೈಕು ಇರಲಿಲ್ಲ. ಗಡಿಯಲ್ಲಿ ಲಾರಿಗಳ ಸದ್ದಿನ ಮೇಲೆ ಕೂಗಿ ಬೆಳೆದ ಗಂಟಲು.

"ನಮ್ಮಮ್ಮನ ಹೆಸರು ಮಸಿಕಾ. ನನ್ನ ಬಿಟ್ಟು ಹೋಗಲಿಲ್ಲ. ಐದು ದಿನ ತಳ್ಳಿದಳು. ತಳ್ಳಿ ತಳ್ಳಿ ಸತ್ತಳು. ನನ್ನ ಕಾಲು ಯಾರೂ ಮುರಿಯಲಿಲ್ಲ, ಜ್ವರ ಬಂದು ಹೋಯಿತು. ನಾನು ಯಾವ ಗಡೀನೂ ತೆವಳಿ ದಾಟಿಲ್ಲ. ನಾನು ತೆವಳಿದ್ದು ಇವರ ಕಚೇರಿ ಮೆಟ್ಟಿಲ ಮೇಲೆ. ಆ ಕಾಗದಕ್ಕೆ ತಲೆಯಾಡಿಸಿದವಳು ನಾನೇ. ಈಗ ಇಲ್ಲ ಅಂತಿದೀನಿ."

ಅವಳ ಸ್ವಾಹಿಲಿ ಯಾರಿಗೂ ಪೂರ್ತಿ ಅರ್ಥವಾಗಲಿಲ್ಲ. ಬಗುಮಾ ಒಂದು ಗಳಿಗೆ ಮೇಡಂ ಮುಖ ನೋಡಿದ. ಬೀಡಿನಲ್ಲಿ ಕಲಿಸುವುದಕ್ಕೆ ಅವನಿಗೆ ಸಂಬಳ ಕೊಡುತ್ತಿದ್ದದ್ದು ಅದೇ ಸಂಸ್ಥೆ. ಗಂಟಲು ಸರಿ ಮಾಡಿಕೊಂಡು ಅವನು ಒಂದೊಂದೇ ಮಾತನ್ನು ಅಲ್ಲಿನವರ ಭಾಷೆಗೆ ತಿರುಗಿಸಿ ಕೂಗಿದ. ಒಂದನ್ನೂ ಬಿಡಲಿಲ್ಲ. ಮೆಟ್ಟಿಲಿನ ಮಾತು ಬಂದಾಗ ಹಿಂದಿನ ಸಾಲಿನಲ್ಲಿ ಊರುಗೋಲಿನ ಒಬ್ಬಳು ಕೋಲಿನಿಂದ ನೆಲ ಕುಟ್ಟಿದಳು. ಇನ್ನೊಬ್ಬ ಕುಟ್ಟಿದ. ಕ್ಯಾಮೆರಾದವನು ಕ್ಯಾಮೆರಾ ಇಳಿಸಿ ಅದರ ಕಣ್ಣಿಗೆ ಮುಚ್ಚಳ ಹಾಕಿದ.

ಗಡಿಯಾರದಲ್ಲಿ ಹತ್ತು ಸೆಕೆಂಡು ಉಳಿದಿತ್ತು. ಕತುಂಗು ಮಲಗಿ ಸರಳು ಹಿಡಿದಳು. ಇಳಿಸಿದಳು. ನಿಲ್ಲಿಸಿದಳು. ನೂಕಿದಳು. ಅರ್ಧದಲ್ಲಿ ಸರಳು ನಿಂತಿತು. ಆ ಕೊನೆಯ ಏರು. ಕೂತರೆ ಗಾಡಿ ಹಿಂದಕ್ಕೆ ಜಾರುತ್ತದೆ. ಕುತ್ತಿಗೆಯ ನರ ಹಗ್ಗದಂತಾಯಿತು, ಮೂಗಿನಿಂದ ರಕ್ತ ಇಳಿದು ಕಿವಿಗೆ ಹೋಯಿತು. ಸರಳು ಮೇಲೆ ಹೋಯಿತು. ತೀರ್ಪುಗಾರ ಇಡು ಅನ್ನುವ ತನಕ ಹಿಡಿದಳು.

ಮೂರೂ ಬಿಳಿ ದೀಪ, ಎತ್ತಿದ್ದು ಸರಿ.

ಹೆಸರು ಗೆರೆಯ ಕೆಳಗೇ ಬರೆದರು. ಪತ್ರ ಬರಲಿಲ್ಲ. ವಾರದೊಳಗೆ ಬಗುಮಾನ ಕೆಲಸ ಹೋಯಿತು. ಹಲಗೆಯ ಬೆಂಚಿನ ಬದಲಿಗೆ ಸಂಸ್ಥೆಯವರು ಹಿಂದೆ ಕೊಟ್ಟಿದ್ದ ಕಬ್ಬಿಣದ ಬೆಂಚು, ತೂಕದ ಬಿಲ್ಲೆಗಳನ್ನು ಅವರೇ ಲಾರಿಗೆ ತುಂಬಿಸಿಕೊಂಡು ಹೋದರು. ತಂಡ ವಿಮಾನ ಹತ್ತಿತು. ಭಾರ ಎತ್ತುವ ಜಾಗ ಖಾಲಿಯೇ ಹೋಯಿತಂತೆ. ಆ ದಿನ ಕತುಂಗು ಊಟ ಮಾಡಲಿಲ್ಲ. ಒಳ್ಳೆಯದು ಮಾಡಿದೆ ಅಂತ ಯಾರಾದರೂ ಬಂದು ಹೇಳಿದರೆ ಅವರ ಮುಖಕ್ಕೆ ಮುದ್ದೆಯ ಕೋಲು ಎಸೆಯುವಷ್ಟು ಸಿಟ್ಟಿತ್ತು.

ಸಂಜೆ ಪಲುಕು ಬಂದ, ಹಳೇ ಗಾಡಿಯಲ್ಲಿ. ರಾತ್ರಿ ಹೇಗೆ ಕಳೆಯಿತು, ಮೈ ಹೇಗಿದೆ, ಅಕ್ಕಪಕ್ಕದವರು ಹೇಗಿದ್ದಾರೆ ಅಂತ ಎಲ್ಲ ಕೇಳಿದ. ಆಮೇಲೆ ಮೂಲೆಯಲ್ಲಿ ಬಿದ್ದಿದ್ದ ಸಿಮೆಂಟಿನ ಡಬ್ಬಗಳನ್ನು ತೋರಿಸಿ, "ಇವಕ್ಕೆ ಏನು ರೋಗ?" ಅಂದ.

*

ಮರುವರ್ಷ ಕಚೇರಿಯಿಂದ ಕರೆ ಬಂತು. ಖಾಲಿ ಹೋದ ಜಾಗಕ್ಕೆ ಮೇಲಿನವರು ಲೆಕ್ಕ ಕೇಳಿದ್ದರಂತೆ. ಕತೆ ಯಾರದಾದರೂ ಸಿಗುತ್ತದೆ, ತೊಂಬತ್ತೈದು ಕಿಲೋ ಎತ್ತುವ ಕೈ ಎಲ್ಲೆಂದರಲ್ಲಿ ಸಿಗುವುದಿಲ್ಲ.

ಕತುಂಗು ಹೋದಳು. ಮೊದಲ ಮೆಟ್ಟಿಲಿಗೆ ಗಾಡಿಯ ಗಾಲಿ ತಾಗಿಸಿ ನಿಲ್ಲಿಸಿದಳು. ಹಿಂದೆ ಪಲುಕು, ಅವನ ಹಿಂದೆ ಹದಿಮೂರು ಗಾಡಿ. ನೆತ್ತಿಯ ಮೇಲೆ ಬಿಸಿಲು. ನಲುಬೆಗಾ ಮೇಡಂ ಬಾಗಿಲಿಗೆ ಬಂದರು.

"ಒಳಗೆ ಬಾ ಕತುಂಗು, ನೆರಳಿದೆ."

"ಇಳಿಯಲ್ಲ ಮೇಡಂ."

ಮೇಡಂ ಒಳಗೆ ಹೋದರು. ಗಾಡಿಗಳು ಕದಲಲಿಲ್ಲ. ಊಟದ ಹೊತ್ತು ಬಂತು, ಹೋಯಿತು. ಕೂತು ಕಾಯುವುದರಲ್ಲಿ ಗಾಡಿಯವರನ್ನು ಸೋಲಿಸಿದವರಿಲ್ಲ, ಹುಟ್ಟಾ ಅದೇ ಕಸುಬು ಅಂತ ಪಲುಕು ಜೋರಾಗಿಯೇ ಹೇಳಿದ.

ಕೊನೆಗೆ ಮೇಡಂ ಹಾಳೆ, ಪೆನ್ನು ಹಿಡಿದು ಹೊರಬಂದರು. ಒಂದು ಮೆಟ್ಟಿಲು ಇಳಿದರು. ಎರಡು. ಮೂರು. ಗಾಡಿಯ ಎದುರು ಕೆಂಪು ಮಣ್ಣಿನಲ್ಲಿ ಕುಕ್ಕರಗಾಲಿನಲ್ಲಿ ಕೂತರು.

"ಕಾಲು?"

"ಪೋಲಿಯೋ."

"ಇಲ್ಲಿಗೆ ಹೇಗೆ ಬಂದೆ?"

"ಅಮ್ಮ ತಳ್ಳಿಕೊಂಡು ಬಂದಳು."

ಪೆನ್ನು ನಿಂತಿತು. ಮೇಡಂ ತಲೆ ಎತ್ತಿದರು. ಹೆದರಿಸುವ ದನಿಯಲ್ಲ, ದಣಿದ ದನಿ. "ಇದನ್ನ ಓದಿ ಯಾರೂ ಜಾಗ ಕೊಡದೇ ಇರಬಹುದು."

"ಗೊತ್ತು. ಬರೀರಿ."

ಬರೆದರು. ಪಲುಕು ಓದಿ ಅಂದ. ಓದಿದರು. ಇನ್ನೊಂದು ಸಲ ಅಂದ. ಇನ್ನೊಂದು ಸಲ ಓದಿದರು. ಹೆಬ್ಬೆಟ್ಟಿಗೆ ಮಸಿಯ ಡಬ್ಬಿ ಹೊರತೆಗೆಯಲು ಮೇಡಂ ಹಾಳೆಯನ್ನು ಪಕ್ಕದ ಮಣ್ಣಿನ ಮೇಲೆ ಇಡಹೋದರು.

"ಮೇಡಂ," ಅಂದಳು ಕತುಂಗು. ಎರಡೂ ಕೈ ಮುಂದೆ ಚಾಚಿದಳು. "ನೆಲಕ್ಕಿಡಬೇಡಿ. ಇಲ್ಲಿ ಕೊಡಿ."